ಅಕ್ಕನ ದನಿ ಇಳಿಸಿಕೊಂಡ ಮಧ್ಯಾಹ್ನ

ಗಂಟಲ ಆಪರೇಷನ್ ಆದಮೇಲೆ ಅಕ್ಕನಿಗೆ ದನಿ ಉಳಿಯಲಿಲ್ಲ. ಅವಳು ರಾಗವಾಗಿ ಓದಿದ್ದ ಕಾವ್ಯವೆಲ್ಲ ಒಂದು ಸಂಗೀತದ ಆ್ಯಪ್‌ನಲ್ಲಿತ್ತು. ಫೋನಿನಲ್ಲೇ ಸಿಗುತ್ತಲ್ಲ ಎಂದು ಮನೆಯಲ್ಲಿ ಯಾರೂ ಪ್ರತಿ ಇಟ್ಟುಕೊಂಡಿರಲಿಲ್ಲ. ಇವತ್ತು ಸಂಜೆಗೆ ಅದನ್ನು ತೆಗೆದುಹಾಕುತ್ತೇವೆ ಎಂದು ಕಂಪನಿ ತಿಳಿಸಿತ್ತು.

ಭಾವ ರೇಡಿಯೋ ರಿಪೇರಿಯವರು. ಮಧ್ಯಾಹ್ನವೇ ಅಂಗಡಿ ಬಾಗಿಲೆಳೆದು, ಬಿಚ್ಚಿಟ್ಟ ಆಂಪ್ಲಿಫೈಯರುಗಳ ನಡುವೆ ಕಂಪ್ಯೂಟರ್ ಇಟ್ಟುಕೊಂಡು ಕೂತರು. ಯಾರೋ ಕೊಟ್ಟ ಪ್ರೋಗ್ರಾಂ ಒಂದಿತ್ತು. ಆ್ಯಪ್‌ನ ಬೀಗ ಮುರಿದು, ಓದಿದ್ದನ್ನು ಇದ್ದ ಹಾಗೇ, ಒಂದು ಉಸಿರೂ ಸೋರದಂತೆ ಇಳಿಸಿಕೊಡುತ್ತಿತ್ತು.

"ಭಾವ, ಇದು ಕಳ್ಳತನ ಅಲ್ವಾ?"

"ನನ್ನ ಹೆಂಡತಿ ದನಿ ನಾನು ಕದಿಯೋದೇನೇ?"

"ದನಿ ಅವಳದು, ಹಕ್ಕು ಕಂಪನಿಯವರದು. ಸಹಿ ಹಾಕಿಕೊಟ್ಟಿದ್ದಾಳಲ್ಲ."

"ಹಾಗಾದ್ರೆ ನನ್ನ ಜೈಲಿಗೆ ಕಳಿಸು. ಇಷ್ಟು ವರ್ಷ ನಿಮ್ಮಕ್ಕನ ಹತ್ರ ಬೈಸಿಕೊಂಡಿದ್ದೀನಿ, ಅಲ್ಲಾದ್ರೂ ನೆಮ್ಮದಿಯಾಗಿರ್ತೀನಿ."

ಅಕ್ಕ ಅವರ ತಲೆಗೆ ಮೊಟಕಿದಳು. ನಗಲು ಬಾಯಿ ತೆರೆದಳು. ಬರೀ ಗಾಳಿ ಬಂತು.

ಮಂಗಳ ಪದ್ಯ ಇಳಿಯಿತು. ಮೊದಲ ಸಂಧಿ ಅರ್ಧಕ್ಕೆ ಬಂದಾಗ ನೆಟ್ ಹೋಯಿತು. ಮತ್ತೆ ಬಂದಾಗ ಭಾವ ಓದು ನಿಂತಲ್ಲಿಂದಲೇ ಮುಂದುವರಿಸಲು ಹೋದರೆ ಅಕ್ಕ ಕೈ ಹಿಡಿದಳು. ನಮ್ಮ ಮನೆಯಲ್ಲಿ ಓದು ಮಧ್ಯೆ ನಿಂತರೆ ಮತ್ತೆ ದೇವರನ್ನು ನೆನೆದೇ ಶುರು ಮಾಡಬೇಕು. ಅಪ್ಪ ಹಾಕಿದ ಕ್ರಮ. ಕೇಳುತ್ತ ಕೂರುವ ನಾನೂ ಅದನ್ನು ಮೀರಿದವಳಲ್ಲ.

"ಅಯ್ಯೋ ತಾಯೀ, ಇದು ಮಿಷನ್ನು. ಇದಕ್ಕೆ ದೇವರು ದಿಂಡರು ಗೊತ್ತಾ?"

ಅಕ್ಕ ಕೈ ಬಿಡಲಿಲ್ಲ. ಮೊದಲಿನಿಂದ ಶುರುವಾಯಿತು. ನೆಟ್ ಮತ್ತೆ ಹೋಯಿತು. ಮತ್ತೆ ಮೊದಲಿನಿಂದ.

ಆಮೇಲೆ ಪರದೆಯ ಮೇಲೆ ಬಂತು: ಒಂದನ್ನೇ ಪದೇ ಪದೇ ಇಳಿಸಿಕೊಂಡ ಕಾರಣ ನಿಮ್ಮ ಖಾತೆ ಮುಚ್ಚಲಾಗಿದೆ.

"ನಿನ್ನ ಫೋನ್ ಕೊಡೇ, ಬೇಗ!" ಭಾವ ನನ್ನ ಕಡೆ ಕೈ ಚಾಚಿದರು.

ಹೊಸ ಖಾತೆ ತೆರೆಯುವಷ್ಟರಲ್ಲಿ ಬೀದಿದೀಪ ಹತ್ತಿತ್ತು. ಹುಡುಕಿದೆವು. ಅಕ್ಕನ ಹೆಸರನ್ನು ಬೇರೆ ಬೇರೆ ಥರ ಬರೆದು ಹುಡುಕಿದೆವು. ಪರದೆಯಲ್ಲಿ ಯಾರ್ಯಾರೋ ಬಂದರು, ಅವಳು ಬರಲಿಲ್ಲ.

ಅಕ್ಕ ನನ್ನ ಗಲ್ಲ ಹಿಡಿದು ತನ್ನ ಕಡೆ ತಿರುಗಿಸಿಕೊಂಡಳು. ತುಟಿ ಆಡಿಸಿದಳು. ಮೊದಲ ಸಂಧಿಯ ಮೊದಲ ಸಾಲು. ನನಗೆ ಪದವೆಲ್ಲ ಬಾಯಿಪಾಠ. ರಾಗ ಮಾತ್ರ ಕಿವಿಯಿಂದ ಗಂಟಲಿಗೆ ಇಳಿದೇ ಇಲ್ಲ. ದನಿಯೆತ್ತಿ ಶುರು ಮಾಡಿದೆ, ಎರಡನೇ ಸಾಲಿಗೇ ತಪ್ಪಿದೆ. ಅಕ್ಕ ನನ್ನ ಮೊಣಕಾಲ ಮೇಲೆ ತಾಳ ಹಾಕುತ್ತ ಕಾದಳು.

ನಮ್ಮ ಹಿಂದೆ ಭಾವ ಫೋನಿನಲ್ಲಿ ಕಂಪನಿಯ ಯಾರಿಗೋ ಹೇಳುತ್ತಿದ್ದರು: "ಮೇಡಂ, ನಾನೇ ಕದ್ದಿದ್ದು. ಕೇಸ್ ಹಾಕಿ, ಬೇಡ ಅನ್ನಲ್ಲ. ಅದನ್ನ ಅಳಿಸಿಬಿಟ್ರಾ? ಅಷ್ಟು ಹೇಳಿ. ಅಳಿಸಿಬಿಟ್ರಾ?"