ಪ್ಲಗ್ ಎಲ್ಲಿದೆ?

ಬಡಗಿ ಅಣ್ಣತಮ್ಮಂದಿರಿಬ್ಬರಲ್ಲಿ ತಮ್ಮನಿಗೆ ಕೋಪ ಮೂಗಿನ ತುದಿಯಲ್ಲೇ. ಅದರ ಫಲವಾಗಿ ಎಂಟು ತಿಂಗಳಿಂದ ವರ್ಕ್‌ಶಾಪಿನಲ್ಲಿ ಅವನೊಬ್ಬನೇ. ಕೈಯಲ್ಲಿ ಹಿಡಿದು ಮರ ಕೊರೆಯುವ ರೂಟರ್ ಮಷಿನ್ನನ್ನು ಮೇಜಿನ ಕೆಳಗೆ ತಲೆಕೆಳಗಾಗಿ ಕೂರಿಸಿದವನು ಅಣ್ಣ. ಮೇಜಿನ ತೂತಿನಿಂದ ಅದರ ತಿರುಗುವ ಅಲಗು, ಬಿಟ್, ಮಾತ್ರ ಇಣುಕುತ್ತದೆ; ಹಲಗೆಯನ್ನು ಅದಕ್ಕೆ ತಾಗಿಸಿ ತಳ್ಳಿದರೆ ಅಂಚು ನಯವಾಗಿ ಮೂಡುತ್ತದೆ. ಅಣ್ಣ ಇದ್ದಾಗ, ಬಿಟ್ ಬದಲಾಯಿಸಲು ತಮ್ಮ ಸ್ಪ್ಯಾನರ್ ಎತ್ತಿದರೆ ಸಾಕು, ಬೆನ್ನ ಹಿಂದಿನಿಂದ ಅಣ್ಣನ ಪ್ರಶ್ನೆ: "ಪ್ಲಗ್ ಎಲ್ಲಿದೆ?" ಕಿತ್ತ ಪ್ಲಗ್ಗನ್ನು ಎತ್ತಿ ತೋರಿಸಿ "ಕೈಯಲ್ಲಿದೆ" ಅನ್ನಬೇಕಿತ್ತು. ಹನ್ನೆರಡು ವರ್ಷ, ದಿನಕ್ಕೆ ಹತ್ತು ಸಲ. ಯಾರಿಗಾದರೂ ತಲೆ ಕೆಟ್ಟೀತು.

ಒಂದು ದಿನ ಗಿರಾಕಿಯ ಎದುರೇ ಕೇಳಿದಾಗ ತಮ್ಮ ರೇಗಿದ. "ನಾನೇನು ಹಾಲು ಕುಡಿಯೋ ಮಗುವಾ? ನನ್ನ ಬೆರಳು ನಾನು ನೋಡ್ಕೋತೀನಿ. ನಿನ್ನ ಕೆಲಸ ನೀನು ನೋಡ್ಕೋ."

ಅಣ್ಣ ಕೆಲಸದ ಕನ್ನಡಕವನ್ನು ಮೊಳೆಗೆ ನೇತುಹಾಕಿ ಹೋದ. ಆಮೇಲೆ ಬರಲೇ ಇಲ್ಲ. ಕನ್ನಡಕ ಈಗಲೂ ಅಲ್ಲೇ ಇದೆ, ಮರದ ಪುಡಿ ಮೆತ್ತಿಕೊಂಡು.

ಇವತ್ತು ಮಧ್ಯಾಹ್ನ ಕಿಟಕಿ ಚೌಕಟ್ಟಿನ ಕೆಲಸದ ನಡುವೆ ಕರೆಂಟ್ ಹೋಯಿತು. ಮಷಿನ್ ಹೇಗೂ ನಿಂತಿದೆ, ಬಿಟ್ ಬದಲಾಯಿಸಿಬಿಡೋಣ ಎಂದು ತಮ್ಮ ಸ್ಪ್ಯಾನರ್ ಎತ್ತಿಕೊಂಡು ಬಗ್ಗಿದ. ಸ್ವಿಚ್ ಆನ್ ಆಗಿಯೇ ಇತ್ತು, ಪ್ಲಗ್ ಗೋಡೆಯಲ್ಲೇ ಇತ್ತು. ಎರಡೂ ಅವನ ತಲೆಗೆ ಹೊಳೆಯಲಿಲ್ಲ. ಆದರೂ ಕೈ ತಡೆಯಿತು. ಬೆನ್ನ ಹಿಂದಿನ ಪ್ರಶ್ನೆಗೆ ಕಾಯುವ ಹಾಳು ಅಭ್ಯಾಸ ಇನ್ನೂ ಹೋಗಿರಲಿಲ್ಲ. ಯಾರೂ ಕೇಳಲಿಲ್ಲ. ಅಷ್ಟರಲ್ಲಿ ಕರೆಂಟ್ ಬಂತು. ಬೆರಳಿನಿಂದ ಗೇಣು ದೂರದಲ್ಲಿ ಬಿಟ್ ಕಿರುಚುತ್ತ ತಿರುಗಿತು.

ಸ್ವಿಚ್ ಆರಿಸಿ, ಪ್ಲಗ್ ಕಿತ್ತು, ಅದನ್ನು ಹಿಡಿದುಕೊಂಡೇ ನೆಲದ ಮೇಲೆ ಕೂತ. ಹತ್ತೂ ಬೆರಳುಗಳನ್ನು ಎರಡೆರಡು ಸಲ ಎಣಿಸಿದ. ಉಳಿದವು ಎಂದು ಹೇಳಿಕೊಳ್ಳಲು ಅಲ್ಲಿ ಒಂದು ನರಪಿಳ್ಳೆಯೂ ಇರಲಿಲ್ಲ. ಭಯಕ್ಕಿಂತ ಅದೇ ಅವನಿಗೆ ಹೆಚ್ಚು ಸಂಕಟವಾಯಿತು. ಅಣ್ಣನಿಗೆ ಫೋನ್ ಮಾಡಿದ.

"ಏನು?" ಅಂದ ಅಣ್ಣ.

"ಬಿಟ್ ಬದಲಾಯಿಸ್ಬೇಕು. ಒಂದ್ಸಲ ಅದನ್ನ ಕೇಳಣ್ಣ."



"ನೀನೇನು ಮಗು ಅಲ್ವಲ್ಲ."

"ಕೇಳು."

ಅಣ್ಣ ಕೇಳಿದ: "ಪ್ಲಗ್ ಎಲ್ಲಿದೆ?"

"ಕೈಯಲ್ಲಿದೆ," ಅಂದ ತಮ್ಮ, ಖಾಲಿ ಕೋಣೆಯಲ್ಲಿ ಪ್ಲಗ್ಗನ್ನು ಮೇಲೆತ್ತಿ ತೋರಿಸುತ್ತ.