ಮೆಟ್ಟಿಲು ಒರೆಸುವ ಕನಸು

ಸ್ಟುಡಿಯೋದ ನೆಲ ಒರೆಸುವ ಹೆಂಗಸು ಕಂಡ ಕನಸನ್ನು ನಿರ್ದೇಶಕ ತನ್ನದೆಂದು ಹೇಳಿ ಸಿನಿಮಾ ಮಾಡಿದ.

ಕನಸಿನಲ್ಲಿ ಅವಳ ಸತ್ತ ತಾಯಿ ಒದ್ದೆ ಕೂದಲಲ್ಲಿ ಬಂದು, ಬಾಗಿಲಿಲ್ಲದ ಗೋಡೆಗೆ ಬೀಗ ಜಡಿದು, ಕೀಲಿಯನ್ನು ಮಗಳ ಬಾಯಿಗಿಟ್ಟು ಹೋಗಿದ್ದಳು. ಬಿಡುವಿನಲ್ಲಿ ಅವಳು ಇದನ್ನು ಕ್ಯಾಮೆರಾದವನಿಗೆ ಹೇಳುತ್ತಿದ್ದಾಗ ನಿರ್ದೇಶಕ ಪಕ್ಕದಲ್ಲೇ ಕಿವಿ ನೆಟ್ಟು ಕೂತಿದ್ದ. ಪರದೆಯ ಮೇಲೆ ಮೂಡಿದ್ದು: 'ನಿರ್ದೇಶಕರ ಸುಪ್ತ ಮನಸ್ಸಿನಿಂದ'.

"ಸಾರ್, ಅದು ನಮ್ಮಮ್ಮ. ಇಪ್ಪತ್ತು ವರ್ಷ ಇದೇ ಮೆಟ್ಟಿಲು ಒರೆಸಿದ್ದಾಳೆ. ಅವಳ ಹೆಸರಾದ್ರೂ ಹಾಕಿ."

"ಸುಪ್ತ ಮನಸ್ಸಿಗೆ ಅಪ್ಪ ಅಮ್ಮ ಇರಲ್ಲಮ್ಮ. ಅದು ಎಲ್ಲರದೂ."

ಎಲ್ಲರದಾದ ಮೇಲೆ ಪರದೆ ಮೇಲೆ ಒಬ್ಬನ ಹೆಸರೇ ಯಾಕೆ ಎಂದುಕೊಳ್ಳುತ್ತ ಅವಳು ಒರೆಸುವ ಬಟ್ಟೆ ಹಿಂಡಿದಳು.

"ಮತ್ತೇನಾದ್ರೂ ಕನಸು ಬಿತ್ತಾ?" ಎಂದ ಅವನೇ.

"ಬಿತ್ತು ಸಾರ್. ನೀವೇ ಬಂದಿದ್ರಿ! ಮಂಡಿಯೂರಿ ಮೆಟ್ಟಿಲೆಲ್ಲ ಒರೆಸ್ತಿದ್ರಿ. ಮೇಲಿಂದ ಕೆಳಗೆ."

ನಿರ್ದೇಶಕನ ಕಣ್ಣರಳಿತು. "ಆಹಾ, ಇಳಿಯೋದು! ಮನಸ್ಸಿನ ಆಳಕ್ಕೆ!"

ಮರುದಿನ ಬೆಳಗ್ಗೆ ಕ್ಯಾಮೆರಾ ಓಡಿತು, ನಿರ್ದೇಶಕನೇ ಬಟ್ಟೆ ಹಿಡಿದು ಮಂಡಿಯೂರಿದ. ನಲವತ್ತು ಮೆಟ್ಟಿಲೂ ಫಳಫಳ. ಅವಳು ಬುಡದಲ್ಲಿ ಕಾಲು ಚಾಚಿ ಕೂತು, "ಕನಸಲ್ಲಿ ಮೂಲೆ ಬಿಟ್ಟಿರಲಿಲ್ಲ ಸಾರ್," ಎಂದು ನೆನಪಿಸಿದಳು. ಅವನು ಮೂಲೆಗೂ ಕೈ ಹಾಕಿದ.

ಆಮೇಲೆ ಕನಸುಗಳಿಗೆ ಬರವಿರಲಿಲ್ಲ. ಕಿಟಕಿಯ ಗಾಜು, ಜೇಡರ ಬಲೆ, ಎಡಿಟಿಂಗ್ ಮೇಜಿನಡಿಯ ಧೂಳು. ಆ ಧೂಳಿಗೆ ನಿರ್ದೇಶಕ 'ನನ್ನ ಬಾಲ್ಯ' ಎಂದು ಹೆಸರಿಟ್ಟ. ವಾರವಿಡೀ ಅವಳ ಸೊಂಟಕ್ಕೆ ರಜೆ.

"ಅಕ್ಕಾ, ನಮ್ಮನೆ ಪಾತ್ರೆನೂ ನಾಳೆ ಕನಸಿಗೆ ಸೇರಿಸ್ತೀಯಾ?" ಎಂದು ಕ್ಯಾಮೆರಾದವನು ಮುಸಿಮುಸಿ ನಕ್ಕ.

ಕೊನೆಗೆ ಕಕ್ಕಸಿನ ಕನಸು. ನಿರ್ದೇಶಕ ಹುರುಪಿನಲ್ಲಿ ಇಡೀ ಡಬ್ಬಿ ಸೋಪಿನ ಪುಡಿ ಸುರಿದ. ನೊರೆ ಬಾಗಿಲು ದಾಟಿ, ಹಜಾರ ದಾಟಿ, ಪ್ರದರ್ಶನದ ಕೋಣೆಯ ಹೊಸ್ತಿಲಿಗೆ ಬಂತು. ಒಳಗೆ ಅವನ ಮೊದಲ ಕನಸಿನ ಚಿತ್ರ, ಅಂದರೆ ಅವಳ ಅಮ್ಮನ ಚಿತ್ರ, ನೋಡಲು ದೊಡ್ಡವರೆಲ್ಲ ಬಂದು ಕೂತಿದ್ದರು.

"ನಿಂತ್ಕೊಂಡು ನೋಡ್ತೀಯಲ್ಲಮ್ಮ! ಒರೆಸು ಬೇಗ!"

ಅವಳು ಬಕೆಟ್ಟನ್ನು ಅವನ ಕಾಲ ಬಳಿ ಇಟ್ಟಳು.

"ಅಮ್ಮನ ಹೆಸರು ಹಾಕ್ತೀರಾ?"

"ಅದೆಲ್ಲ ಈಗ್ಯಾಕೆ? ಒರೆಸು ಅಂದೆ!"

"ಒರೆಸಲ್ಲ ಸಾರ್. ಇದು ನಿಮ್ಮ ಸುಪ್ತ ಮನಸ್ಸು. ನೀವೇ ಒರೆಸ್ಕೊಳ್ಳಿ."