ಕೈ ತಾಗಿದ ಗಂಟೆ

ನಾನು ಮೇಜಿನ ಮೇಲಿಡುವ ಒಂದು ಹಿತ್ತಾಳೆ ಗಂಟೆ. ನೆತ್ತಿಯ ಗುಂಡಿ ಒತ್ತಿದರೆ ‘ಟಿಣ್’ ಎನ್ನುತ್ತೇನೆ. ನನಗೆ ಬರುವ ಮಾತು ಅದೊಂದೇ. ಹುಬ್ಬಳ್ಳಿಯ ಕಂಚುಗಾರನೊಬ್ಬನ ಅಂಗಡಿಯಲ್ಲಿ ಹುಟ್ಟಿ, ಮೊದಲು ಒಂದು ವಸತಿಗೃಹದ ಕೌಂಟರಿನಲ್ಲಿ ಕುಳಿತೆ. ಅಲ್ಲಿ ನನ್ನ ಸದ್ದಿಗೆ ‘ಬನ್ನಿ’ ಎಂದರ್ಥ. ಒತ್ತಿದರೆ ಯಾರಾದರೂ ಓಡಿಬರುತ್ತಿದ್ದರು.

ವಸತಿಗೃಹ ಮುಚ್ಚಿದಾಗ ಕಮಲಿನಿ ಟೀಚರ್ ನನ್ನನ್ನು ಕೊಂಡರು. ಬೆಂಗಳೂರಿನ ಗ್ರಂಥಾಲಯವೊಂದರಲ್ಲಿ ಅವರು ಮಕ್ಕಳ ಇಂಗ್ಲಿಷ್ ಸ್ಪೆಲ್ಲಿಂಗ್ ಸ್ಪರ್ಧೆ ಶುರುಮಾಡಿದ್ದರು. ಮೊದಲ ವರ್ಷ ಬಂದದ್ದು ಹನ್ನೊಂದು ಮಕ್ಕಳು. ತಪ್ಪು ಅಕ್ಷರ ಬಂತೆಂದರೆ ನಾನು ‘ಟಿಣ್’ ಎನ್ನಬೇಕು, ಮಗು ವಾದಿಸದೆ ಕೈಮುಗಿದು ವೇದಿಕೆ ಇಳಿಯಬೇಕು. ‘ಬನ್ನಿ’ ಎನ್ನುತ್ತಿದ್ದ ನಾನು ‘ಹೋಗು’ ಎನ್ನಲು ಕಲಿತೆ. ಟೀಚರ್ ನನ್ನನ್ನು ಬೆರಳ ತುದಿಯಿಂದ ಮೆಲ್ಲಗೆ ಒತ್ತುತ್ತಿದ್ದರು. ಆದರೂ ಮಕ್ಕಳು ಅಳುತ್ತಿದ್ದವು.

ವರ್ಷಗಳುರುಳಿದವು. ಸ್ಪರ್ಧೆ ರಾಷ್ಟ್ರಮಟ್ಟಕ್ಕೇರಿತು. ಟಿವಿಯವರು ಬಂದರು, ದೀಪಗಳು ಬಂದವು, ನನಗೂ ಪಾಲಿಶ್ ಆಯಿತು. ಗೆದ್ದವರಿಗೆ ಕಾಲೇಜು ಮುಗಿಯುವತನಕ ಓದಿನ ಖರ್ಚೆಲ್ಲ ಸಿಗುತ್ತಿತ್ತು.

ಆ ವರ್ಷ ಇಳಕಲ್ಲಿನಿಂದ ಮಹಾನಂದಾ ಬಂದಿದ್ದಳು. ಅವಳ ತಾಯಿ ಪಾರ್ವತೆವ್ವ ಬಟ್ಟೆ ಹೊಲಿಯುವವಳು. ಹುಡುಗಿ ಗೆದ್ದರೆ ಓದು, ಇಲ್ಲವಾದರೆ ಹೊಲಿಗೆ ಯಂತ್ರ ಎಂದು ಮನೆಯಲ್ಲಿ ಮೊದಲೇ ತೀರ್ಮಾನವಾಗಿತ್ತು. ವಯಸ್ಸಿನ ಮಿತಿಯಿಂದಾಗಿ ಅವಳಿಗೆ ಅದೇ ಕೊನೆಯ ಅವಕಾಶ.

ಕೊನೆಯ ಪದ. ಅವಳು ಕಣ್ಣು ಮುಚ್ಚಿ ಒಂದೊಂದೇ ಅಕ್ಷರ ಸರಿಯಾಗಿ ಹೇಳುತ್ತ ಬಂದಳು. ಇನ್ನೊಂದೇ ಅಕ್ಷರ ಉಳಿದಿತ್ತು. ಟೀಚರ್‌ಗೆ ಸಂತೋಷ ತಡೆಯಲಾಗಲಿಲ್ಲ. ಚಪ್ಪಾಳೆ ತಟ್ಟಲು ಏಳಹೋಗಿ ಮೇಜಿಗೆ ಕೈಯೂರಿದರು. ಆ ಕೈ ನನ್ನ ಮೇಲೆ ಬಿತ್ತು.

ಟಿಣ್.

ಹುಡುಗಿ ಕೈಮುಗಿದೇಬಿಟ್ಟಳು. ಟೀಚರ್ ಗಾಬರಿಯಿಂದ, “ಇಲ್ಲ ಮಗು, ನನ್ನ ಕೈ ತಾಗಿತು. ಮತ್ತೆ ಮೊದಲಿಂದ ಹೇಳು” ಎಂದರು. ಅವಳು ನನ್ನನ್ನು ನೋಡಿದಳು, ಟೀಚರನ್ನು ನೋಡಿದಳು. ಮತ್ತೆ ಹೇಳಿದಳು. ಈ ಸಲ ನಡುವಿನ ಒಂದು ಅಕ್ಷರವನ್ನು ಬದಲಿಸಿ ಹೇಳಿದಳು.

ಟೀಚರ್ ಕೈ ಏಳಲಿಲ್ಲ. ಪಕ್ಕದ ತೀರ್ಪುಗಾರರು ನನ್ನನ್ನು ಒತ್ತಿದರು.

“ಮೊದಲು ಹೇಳಿದ್ದೇ ಸರಿಯಿತ್ತಲ್ಲಮ್ಮ, ಯಾಕೆ ಬದಲಿಸಿದೆ?” ಎಂದು ಟೀಚರ್ ಅವಳನ್ನು ತಬ್ಬಿಕೊಂಡು ಕೇಳಿದರು.

“ಗಂಟಿ ಆತಲ್ರಿ ಟೀಚರ್. ತಪ್ಪೈತಿ ಅಂತ ತಿಳಕೊಂಡೆ. ಪಾಪ ಅಂತ ಇನ್ನೊಂದ್ ಸಲ ಕೊಟ್ರಿ ಅನ್ಕೊಂಡೆ.”

ನನಗೆ ಬಾಯಿದ್ದಿದ್ದರೆ ಅಂದು ಅತ್ತುಬಿಡುತ್ತಿದ್ದೆ. ಟೀಚರ್ ಸ್ಪರ್ಧೆ ಬಿಟ್ಟರು. ನಾಲ್ಕು ವರ್ಷದ ನಂತರ ಟಿವಿಯವರೂ ಕೈಬಿಟ್ಟರು, ಸ್ಪರ್ಧೆಯೇ ನಿಂತಿತು. ಆಗ ಟೀಚರ್ ನನ್ನನ್ನು ಚೀಲದಲ್ಲಿಟ್ಟುಕೊಂಡು ಇಳಕಲ್ಲಿಗೆ ಹೋದರು. ಮಹಾನಂದಾ ಯಂತ್ರದ ಮುಂದೆ ಕುಳಿತಿದ್ದಳು. “ಇದು ನಿನ್ನದು. ಬೇಕಾದರೆ ಒಡೆದುಹಾಕು” ಎಂದರು ಟೀಚರ್.

ಪಾರ್ವತೆವ್ವ ನನ್ನನ್ನು ಸೆರಗಿನಿಂದ ಒರೆಸಿ, “ಹಿತ್ತಾಳಿ ಯಾಕ ಒಡೀತೀರಿ? ಗಿರಾಕಿ ಬಂದ್ರ ಬಾರಿಸ್ಲಿ” ಎಂದು ಅಂಗಡಿಯ ಮುಂದಿನ ಮೇಜಿನ ಮೇಲಿಟ್ಟಳು.

ಈಗ ನಾನು ಮುದಿಯಾಗಿದ್ದೇನೆ, ದನಿ ಒಡೆದಿದೆ. ಟೀಚರ್ ತೀರಿಕೊಂಡರು. ಗಿರಾಕಿಗಳು ಒತ್ತುತ್ತಾರೆ, ನಾನು ಮತ್ತೆ ‘ಬನ್ನಿ’ ಎನ್ನುತ್ತೇನೆ. “ಬಂದೇ ರೀ” ಎನ್ನುತ್ತಾಳೆ ಮಹಾನಂದಾ. ಆದರೆ ಏಳುವ ಮೊದಲು ಯಂತ್ರ ನಿಲ್ಲಿಸಿ, ಕೈಯಲ್ಲಿರುವ ಬಟ್ಟೆಯನ್ನು ಒಮ್ಮೆ ತಿರುವಿ ನೋಡುತ್ತಾಳೆ, ಎಲ್ಲಿ ತಪ್ಪಿದೆನೋ ಎಂದು.